ಪಿಕಾಸಾ ನಿಂತ ಮೇಲೆ ಕೊಲಾಜ್‌ಗೆ ಯಾವ ತಂತ್ರಾಂಶ? ಸುರಕ್ಷಿತ ಪರ್ಯಾಯಗಳ ಸಮಗ್ರ ಮಾಹಿತಿ

ಮಗುವಿನ ನಾಮಕರಣ, ಹಿರಿಯರ ಷಷ್ಟ್ಯಬ್ದಿ, ಗೃಹಪ್ರವೇಶ, ನಿವೃತ್ತಿ ಸಮಾರಂಭ, ಅಗಲಿದವರ ಸ್ಮರಣೆ - ಸಂದರ್ಭ ಯಾವುದೇ ಇರಲಿ, ಹತ್ತಾರು ಛಾಯಾಚಿತ್ರಗಳನ್ನು ಒಂದೇ ಹಾಳೆಯಲ್ಲಿ ಜೋಡಿಸಿ ಕೊಲಾಜ್ ಮಾಡಿಸುವ ಪದ್ಧತಿ ಇಂದು ಮನೆಮಾತಾಗಿದೆ. ಈ ಕೆಲಸವನ್ನು ಸ್ಟುಡಿಯೋಗಳಿಂದ ಮನೆಯ ಗಣಕಯಂತ್ರಕ್ಕೆ ತಂದ ತಂತ್ರಾಂಶಗಳಲ್ಲಿ ಗೂಗಲ್ ಸಂಸ್ಥೆಯ ಪಿಕಾಸಾ ಪ್ರಮುಖವಾದುದು. ಅದು ಸ್ಥಗಿತಗೊಂಡು ಹಲವು ವರ್ಷಗಳೇ ಕಳೆದಿದ್ದರೂ ಅಂತರಜಾಲದಲ್ಲಿ ಅದನ್ನು ಹುಡುಕುವವರು ಇದ್ದೇ ಇದ್ದಾರೆ. ಇಂತಹವರನ್ನೇ ಕಾದು ಕುಳಿತ ವಂಚಕರೂ ಇದ್ದಾರೆ. ಹಳೆಯ ತಂತ್ರಾಂಶದ ಹೆಸರಿನಲ್ಲಿ ದುರುದ್ದೇಶದ ಕಡತವೊಂದು ಗಣಕಯಂತ್ರ ಹೊಕ್ಕರೆ ವರ್ಷಗಳಿಂದ ಕೂಡಿಟ್ಟ ಚಿತ್ರಸಂಗ್ರಹವೇ ಕೈತಪ್ಪಬಹುದು. ಆದ್ದರಿಂದ ಯಾವ ಪರ್ಯಾಯ ಸೂಕ್ತ, ಅದನ್ನು ಎಲ್ಲಿಂದ ಪಡೆಯಬೇಕು, ಹಳೆಯ ಸಂಗ್ರಹವನ್ನು ಹೇಗೆ ಉಳಿಸಿಕೊಳ್ಳಬೇಕು ಎಂಬುದನ್ನು ತಿಳಿದಿರುವುದು ಅಗತ್ಯ.

ಪಿಕಾಸಾ ಬಂದದ್ದು, ಹೋದದ್ದು

ಅಮೆರಿಕದ ಲೈಫ್‌ಸ್ಕೇಪ್ ಎಂಬ ಪುಟ್ಟ ಕಂಪನಿ 2002ರಲ್ಲಿ ರೂಪಿಸಿದ ಪಿಕಾಸಾವನ್ನು ಗೂಗಲ್ 2004ರ ಜುಲೈನಲ್ಲಿ ಖರೀದಿಸಿ ಎಲ್ಲರಿಗೂ ಉಚಿತವಾಗಿ ನೀಡತೊಡಗಿತು. ಗಣಕಯಂತ್ರದ ಯಾವ ಮೂಲೆಯಲ್ಲಿ ಚಿತ್ರಗಳಿದ್ದರೂ ಹುಡುಕಿ ದಿನಾಂಕವಾರು ತೋರಿಸುವುದು, ಒಂದು ಗುಂಡಿ ಒತ್ತಿದರೆ ಬೆಳಕು, ಬಣ್ಣ ಸರಿಪಡಿಸುವುದು ಅದರ ಹೆಚ್ಚುಗಾರಿಕೆಯಾಗಿತ್ತು. ಕೊಲಾಜ್ ವಿಭಾಗವಂತೂ ಬಹು ಜನಪ್ರಿಯವಾಗಿತ್ತು. ಮೇಜಿನ ಮೇಲೆ ಚೆಲ್ಲಿದ ರಾಶಿಯಂತೆ, ಅಚ್ಚುಕಟ್ಟಾದ ಚೌಕಗಳಂತೆ, ನಡುವೆ ದೊಡ್ಡ ಚಿತ್ರವಿಟ್ಟು ಸುತ್ತ ಚಿಕ್ಕವು ಬರುವಂತೆ ಅಥವಾ ಒಂದರ ಮೇಲೊಂದು ಪಾರದರ್ಶಕವಾಗಿ ಕಾಣುವಂತೆ ಚಿತ್ರಗಳನ್ನು ಜೋಡಿಸಲು ಅದರಲ್ಲಿ ಅವಕಾಶವಿತ್ತು.

ಪಿಕಾಸಾವನ್ನು ನಿಲ್ಲಿಸುವುದಾಗಿ ಗೂಗಲ್ 2016ರ ಫೆಬ್ರುವರಿಯಲ್ಲಿ ಪ್ರಕಟಿಸಿತು. ಅದೇ ವರ್ಷ ಮಾರ್ಚ್ 15ರಿಂದ ಗಣಕಯಂತ್ರದ ತಂತ್ರಾಂಶಕ್ಕೆ ಬೆಂಬಲ ಕೊನೆಗೊಂಡಿತು. 2015ರ ಮೇ ತಿಂಗಳಿನಲ್ಲಿ ಆರಂಭಿಸಿದ್ದ ಗೂಗಲ್ ಫೋಟೋಸ್ ಸೇವೆಯತ್ತ ಗಮನ ಕೇಂದ್ರೀಕರಿಸುವುದು ಸಂಸ್ಥೆಯ ಉದ್ದೇಶವಾಗಿತ್ತು. ಈಗಾಗಲೇ ಅನುಸ್ಥಾಪಿಸಿಕೊಂಡವರು ಬಳಕೆ ಮುಂದುವರಿಸಬಹುದು, ಆದರೆ ಮುಂದೆ ಯಾವುದೇ ಸುಧಾರಣೆ ಇರುವುದಿಲ್ಲ ಎಂದು ಅದು ಅಂದೇ ಸ್ಪಷ್ಟಪಡಿಸಿತ್ತು.

ಹೀಗೆ ಕಣ್ಮರೆಯಾದ ತಂತ್ರಾಂಶ ಇದೊಂದೇ ಅಲ್ಲ. ಬ್ರೌಸರ್‌ನಲ್ಲಿಯೇ ಚಿತ್ರಗಳನ್ನು ತಿದ್ದಿ ಕೊಲಾಜ್ ಮಾಡಲು ನೆರವಾಗುತ್ತಿದ್ದ ಪಿಕ್ನಿಕ್ ತಾಣವನ್ನು ಗೂಗಲ್ 2010ರಲ್ಲಿ ಖರೀದಿಸಿ 2012ರ ಏಪ್ರಿಲ್‌ನಲ್ಲಿ ಮುಚ್ಚಿತು. ಮೈಕ್ರೋಸಾಫ್ಟ್ ಸಂಸ್ಥೆಯು ಫೋಟೋ ಗ್ಯಾಲರಿ ಹಾಗೂ ಮೂವಿ ಮೇಕರ್‌ಗಳನ್ನು ಒಳಗೊಂಡಿದ್ದ ವಿಂಡೋಸ್ ಎಸೆನ್ಷಿಯಲ್ಸ್ 2012 ಕಟ್ಟಿಗೆ 2017ರ ಜನವರಿ 10ರಂದು ಮಂಗಳ ಹಾಡಿತು.

ಹಳೆಯದನ್ನೇ ಬಳಸಿದರೆ ತೊಂದರೆ ಏನು?

ಚೆನ್ನಾಗಿ ನಡೆಯುತ್ತಿರುವ ತಂತ್ರಾಂಶವನ್ನು ಬಿಡುವುದೇಕೆ ಎಂಬ ಪ್ರಶ್ನೆ ಸಹಜ. ಚಿತ್ರದ ಕಡತವನ್ನು ತೆರೆಯುವುದೆಂದರೆ ತಂತ್ರಾಂಶವು ಅದರೊಳಗಿನ ಸಂಕೇತಗಳನ್ನು ಓದಿ ಅರ್ಥೈಸುವುದು. ಓದುವ ಕ್ರಮದಲ್ಲಿ ಲೋಪವಿದ್ದರೆ, ಬೇಕೆಂದೇ ಕೆಡಿಸಿದ ಚಿತ್ರವೊಂದು ಆ ಲೋಪವನ್ನು ಬಳಸಿಕೊಂಡು ಗಣಕಯಂತ್ರದಲ್ಲಿ ತನ್ನ ಆದೇಶ ನಡೆಸಬಲ್ಲದು. 2004ರ ಸೆಪ್ಟೆಂಬರ್‌ನಲ್ಲಿ ವಿಂಡೋಸ್ ಜೆಪೆಗ್ ಚಿತ್ರಗಳನ್ನು ಓದುವ ಭಾಗದಲ್ಲಿ ಇಂತಹ ಲೋಪ ಪತ್ತೆಯಾಗಿ ಮೈಕ್ರೋಸಾಫ್ಟ್ ತುರ್ತು ಪರಿಹಾರ ನೀಡಬೇಕಾಯಿತು. 2023ರ ಸೆಪ್ಟೆಂಬರ್‌ನಲ್ಲಿ ವೆಬ್‌ಪಿ ಎಂಬ ಚಿತ್ರಮಾದರಿಯನ್ನು ಓದುವ ಘಟಕದಲ್ಲಿ ಇದೇ ಬಗೆಯ ಲೋಪ ಬೆಳಕಿಗೆ ಬಂದಾಗ ಕ್ರೋಮ್, ಫೈರ್‌ಫಾಕ್ಸ್ ಮುಂತಾದವು ಕೆಲವೇ ದಿನಗಳಲ್ಲಿ ತಿದ್ದುಪಡಿ ಹೊರತಂದವು. ವಾರಸುದಾರರಿಲ್ಲದ ತಂತ್ರಾಂಶದಲ್ಲಿ ಇಂತಹ ಲೋಪ ಕಂಡುಬಂದರೆ ತಿದ್ದುವವರು ಯಾರೂ ಇರುವುದಿಲ್ಲ.

ಎರಡನೆಯದು ಹೊಂದಾಣಿಕೆಯ ಸಮಸ್ಯೆ. 2017ರಿಂದೀಚೆಗೆ ಐಫೋನ್‌ಗಳು ಹೀಕ್ ಎಂಬ ಹೊಸ ಮಾದರಿಯಲ್ಲಿ ಚಿತ್ರಗಳನ್ನು ಉಳಿಸುತ್ತವೆ. ಪಿಕಾಸಾಕ್ಕೆ ಇದರ ಪರಿಚಯವಿಲ್ಲ. ಆಪಲ್ 2019ರ ಮ್ಯಾಕ್ ಕೆಟಲೀನಾ ಆವೃತ್ತಿಯಿಂದ 32 ಬಿಟ್ ತಂತ್ರಾಂಶಗಳನ್ನು ಕೈಬಿಟ್ಟ ಮೇಲೆ ಮ್ಯಾಕ್ ಗಣಕಯಂತ್ರಗಳಲ್ಲಿ ಪಿಕಾಸಾ ತೆರೆಯುವುದೂ ಇಲ್ಲ.

ಮೂರನೆಯದು ಎಲ್ಲಕ್ಕಿಂತ ಗಂಭೀರವಾದುದು. ಅಧಿಕೃತ ತಾಣದಲ್ಲಿ ಸಿಗದ ತಂತ್ರಾಂಶವನ್ನು ಜನ ಅಪರಿಚಿತ ತಾಣಗಳಿಂದ ಇಳಿಸಿಕೊಳ್ಳುತ್ತಾರೆ.

ವಂಚನೆಯ ಮೂರು ಮುಖಗಳು

ಮೂವಿ ಮೇಕರ್ ನಿಂತ ವರ್ಷವೇ, ಅಂದರೆ 2017ರ ನವೆಂಬರ್‌ನಲ್ಲಿ, ಸುರಕ್ಷತಾ ಸಂಸ್ಥೆ ಇಸೆಟ್ ವಂಚನೆಯ ಜಾಲವೊಂದನ್ನು ಬಯಲಿಗೆಳೆಯಿತು. ಮೂವಿ ಮೇಕರ್ ಹೆಸರಿನ ನಕಲಿ ತಾಣವೊಂದು ಗೂಗಲ್ ಹುಡುಕಾಟದ ಮೇಲಿನ ಸಾಲುಗಳಲ್ಲಿಯೇ ಕಾಣಿಸಿಕೊಳ್ಳುತ್ತಿತ್ತು. ಅಲ್ಲಿಂದ ಇಳಿಸಿಕೊಂಡ ತಂತ್ರಾಂಶ ಕೆಲಸವನ್ನೇನೋ ಮಾಡುತ್ತಿತ್ತು. ಆದರೆ ಸಿದ್ಧಪಡಿಸಿದ ವಿಡಿಯೋ ಉಳಿಸಲು ಹೊರಟಾಗ, ಪೂರ್ಣ ಆವೃತ್ತಿ ಬೇಕಿದ್ದರೆ 29.95 ಡಾಲರ್ ತೆರಬೇಕೆಂದು ಕೇಳುತ್ತಿತ್ತು. ಮೂಲ ತಂತ್ರಾಂಶ ಸದಾ ಉಚಿತವಾಗಿತ್ತು ಎಂಬುದು ಗಮನಾರ್ಹ.

ಎರಡನೆಯ ಪ್ರಕರಣ 2015ರದು. ಉಚಿತ ಚಿತ್ರ ಸಂಪಾದನಾ ತಂತ್ರಾಂಶವಾದ ಜಿಂಪ್‌ನ ತಂಡವು ಸೋರ್ಸ್‌ಫೋರ್ಜ್ ತಾಣವನ್ನು 2013ರಲ್ಲಿಯೇ ತೊರೆದಿತ್ತು. ಆದರೂ ಆ ತಾಣದಲ್ಲಿ ಉಳಿದಿದ್ದ ಜಿಂಪ್‌ನ ಅನುಸ್ಥಾಪನಾ ಕಡತದ ಜೊತೆಗೆ ಜಾಹೀರಾತು ಕೊಡುಗೆಗಳನ್ನು ಸೇರಿಸಿ ವಿತರಿಸಿದ್ದು ದೊಡ್ಡ ವಿವಾದಕ್ಕೆ ಕಾರಣವಾಯಿತು. ತಂತ್ರಾಂಶ ಅಸಲಿಯಾಗಿದ್ದರೂ ಅದನ್ನು ಕಟ್ಟಿಕೊಡುವ ಕೈ ಬೇರೆಯದಾದರೆ ಬಳಕೆದಾರ ಕೇಳದ ಸರಕೂ ಒಳಗೆ ಬರುತ್ತದೆ ಎಂಬುದಕ್ಕೆ ಇದು ನಿದರ್ಶನ.

ಮೂರನೆಯದು ಇನ್ನೂ ಅಪಾಯಕಾರಿ. 2022ರಲ್ಲಿ ಜಿಂಪ್ ಎಂದು ಗೂಗಲ್‌ನಲ್ಲಿ ಹುಡುಕಿದವರಿಗೆ ಮೇಲ್ಭಾಗದಲ್ಲಿ ಕಾಣುತ್ತಿದ್ದ ಜಾಹೀರಾತು, ಅಧಿಕೃತ ತಾಣವನ್ನೇ ಹೋಲುವ ನಕಲಿ ತಾಣಕ್ಕೆ ಕರೆದೊಯ್ಯುತ್ತಿತ್ತು. ಅಲ್ಲಿದ್ದ ಸುಮಾರು 700 ಎಂಬಿ ಗಾತ್ರದ ಕಡತದಲ್ಲಿ ನಿಜವಾದ ಕುತಂತ್ರಾಂಶದ ಪಾಲು 5 ಎಂಬಿಗಿಂತ ಕಡಿಮೆ. ಉಳಿದದ್ದೆಲ್ಲ ಅನುಮಾನ ಬಾರದಿರಲೆಂದು ತುಂಬಿದ ಜೊಳ್ಳು. ಬ್ರೌಸರ್‌ನಲ್ಲಿ ಉಳಿಸಿಟ್ಟ ಗುಪ್ತಪದಗಳನ್ನು ಕದಿಯುವ ವಿಡಾರ್ ಎಂಬ ಕುತಂತ್ರಾಂಶ ಅದಾಗಿತ್ತು. ಸುರಕ್ಷಿತ ಪರ್ಯಾಯವನ್ನು ಹುಡುಕುತ್ತಾ ಹೋದವರೇ ಬಲೆಗೆ ಬೀಳುವಂತೆ ಹೆಣೆದ ಈ ತಂತ್ರ, ತಂತ್ರಾಂಶದ ಆಯ್ಕೆಯಷ್ಟೇ ಅದನ್ನು ಪಡೆಯುವ ದಾರಿಯೂ ಮುಖ್ಯ ಎಂಬುದನ್ನು ತೋರಿಸಿಕೊಟ್ಟಿತು.

ಹಣ ಕೊಟ್ಟು ಪಡೆಯಬೇಕಾದ ತಂತ್ರಾಂಶಗಳ ಕ್ರ್ಯಾಕ್ ಆವೃತ್ತಿಗಳ ಬಗ್ಗೆ ಹೇಳಬೇಕಾದ್ದೇ ಇಲ್ಲ. ಸ್ಟಾಪ್ ಅಥವಾ ಡಿಜೆವಿಯು ಎಂದು ಕರೆಯಲಾಗುವ ಒತ್ತೆ ಕುತಂತ್ರಾಂಶ ಹೆಚ್ಚಾಗಿ ಹರಡಿದ್ದು ಇಂತಹ ಕ್ರ್ಯಾಕ್‌ಗಳ ಮೂಲಕವೇ. ಅದು ಗಣಕಯಂತ್ರದಲ್ಲಿರುವ ಚಿತ್ರ, ದಾಖಲೆಗಳನ್ನೆಲ್ಲ ಗೂಢಲಿಪಿಗೆ ಬದಲಿಸಿ, ಬಿಡಿಸಲು ಹಣ ಕೇಳುತ್ತದೆ. ಅದರ ಹಲವು ಹಳೆಯ ರೂಪಗಳನ್ನು ಬಿಡಿಸುವ ಉಚಿತ ಸಾಧನವನ್ನು ಎಮ್ಸಿಸಾಫ್ಟ್ ಸಂಸ್ಥೆ 2019ರಲ್ಲಿ ನೀಡಿತಾದರೂ, ಪ್ರತಿ ಗಣಕಯಂತ್ರಕ್ಕೂ ಪ್ರತ್ಯೇಕ ಕೀಲಿ ಬಳಸಿದ ಹೊಸ ರೂಪಗಳಿಗೆ ಅದರಿಂದ ಉಪಯೋಗವಿಲ್ಲ. ಬೇರೆಡೆ ಪ್ರತಿ ಇಟ್ಟುಕೊಳ್ಳದವರ ಪಾಲಿಗೆ ಆ ಚಿತ್ರಗಳು ಮರಳಿ ಬರುವ ಸಾಧ್ಯತೆ ತೀರಾ ಕಡಿಮೆ.

ಮೊದಲು ಹಳೆಯ ಸಂಗ್ರಹ ಉಳಿಸಿಕೊಳ್ಳಿ

ಪಿಕಾಸಾ ಇನ್ನೂ ಇರುವ ಗಣಕಯಂತ್ರದಲ್ಲಿ ಅದನ್ನು ಅವಸರದಿಂದ ಅಳಿಸುವುದು ಸರಿಯಲ್ಲ. ಪಿಕಾಸಾದಲ್ಲಿ ಮಾಡಿದ ಕತ್ತರಿಕೆ, ಬಣ್ಣದ ತಿದ್ದುಪಡಿಗಳು ಮೂಲ ಚಿತ್ರಕ್ಕೆ ಸೇರಿರುವುದಿಲ್ಲ. ಪ್ರತಿ ಫೋಲ್ಡರ್‌ನಲ್ಲಿ ಪಿಕಾಸಾ ಡಾಟ್ ಐಎನ್‌ಐ ಎಂಬ ಪುಟ್ಟ ಕಡತವಿದ್ದು, ಮಾಡಿದ ಬದಲಾವಣೆಗಳ ಪಟ್ಟಿ ಅದರಲ್ಲಿರುತ್ತದೆ. ಬೇರೆ ತಂತ್ರಾಂಶದಲ್ಲಿ ತೆರೆದಾಗ ತಿದ್ದದ ಮೂಲ ಚಿತ್ರವೇ ಕಾಣುವುದು ಈ ಕಾರಣದಿಂದ. ಆದ್ದರಿಂದ ಪಿಕಾಸಾದಲ್ಲಿಯೇ ಸೇವ್ ಅಥವಾ ಎಕ್ಸ್‌ಪೋರ್ಟ್ ಆಯ್ಕೆ ಬಳಸಿ, ತಿದ್ದಿದ ಚಿತ್ರಗಳನ್ನು ಹೊಸ ಕಡತಗಳಾಗಿ ಉಳಿಸಬೇಕು. ಹಾಗೆ ಸೇವ್ ಮಾಡಿದಾಗ ಮೂಲ ಚಿತ್ರದ ಪ್ರತಿಯನ್ನು ಪಿಕಾಸಾ ಒರಿಜಿನಲ್ಸ್ ಎಂಬ ಮರೆಯಾದ ಫೋಲ್ಡರ್‌ನಲ್ಲಿ ಇಡುತ್ತದೆ. ಅನಗತ್ಯವೆಂದು ಭಾವಿಸಿ ಅದನ್ನು ಅಳಿಸಬಾರದು.

ಅರ್ಧಕ್ಕೆ ನಿಂತ ಕೊಲಾಜ್‌ಗಳ ವಿಷಯದಲ್ಲಿಯೂ ಎಚ್ಚರ ಅಗತ್ಯ. ಪಿಕ್ಚರ್ಸ್ ಫೋಲ್ಡರ್‌ನೊಳಗಿನ ಪಿಕಾಸಾ, ಅದರೊಳಗಿನ ಕೊಲಾಜಸ್ ಫೋಲ್ಡರ್‌ನಲ್ಲಿ ಸಿಎಕ್ಸ್‌ಎಫ್ ಎಂದು ಕೊನೆಗೊಳ್ಳುವ ಕಡತಗಳಿರುತ್ತವೆ. ಇವು ಜೋಡಣೆಯ ವಿನ್ಯಾಸ ಮಾತ್ರ. ಪಿಕಾಸಾ ತೆಗೆದ ಮೇಲೆ ಇವು ಪ್ರಯೋಜನಕ್ಕೆ ಬರುವುದಿಲ್ಲ. ಬೇಕಾದವುಗಳನ್ನು ಪೂರ್ಣಗೊಳಿಸಿ ಜೆಪೆಗ್ ಚಿತ್ರವಾಗಿ ಉಳಿಸಿಕೊಳ್ಳುವುದು ಲೇಸು.

ಬಳಿಕ ಇಡೀ ಸಂಗ್ರಹವನ್ನು ಹೊರಗಿನ ಹಾರ್ಡ್ ಡಿಸ್ಕ್‌ಗೆ ನಕಲು ಮಾಡಬೇಕು. ಮೂರು ಪ್ರತಿಗಳು, ಎರಡು ಬಗೆಯ ಸಾಧನಗಳಲ್ಲಿ, ಒಂದು ಪ್ರತಿ ಮನೆಯಿಂದ ಹೊರಗೆ ಎಂಬುದು ತಜ್ಞರು ಪಾಲಿಸುವ ಸೂತ್ರ. ನಕಲು ಮುಗಿದೊಡನೆ ಹಾರ್ಡ್ ಡಿಸ್ಕ್ ಸಂಪರ್ಕ ಕಳಚಿಡಬೇಕು. ಸಂಪರ್ಕದಲ್ಲಿಯೇ ಇದ್ದರೆ ಒತ್ತೆ ಕುತಂತ್ರಾಂಶ ಅದನ್ನೂ ಬಿಡುವುದಿಲ್ಲ.

ಯಾವ ಕೆಲಸಕ್ಕೆ ಯಾವ ಪರ್ಯಾಯ?

ಪಿಕಾಸಾದ ಎಲ್ಲ ಕೆಲಸಗಳನ್ನೂ ಅದರಷ್ಟೇ ಸರಳವಾಗಿ ಮಾಡುವ ಒಂದೇ ತಂತ್ರಾಂಶ ಹುಡುಕುವುದಕ್ಕಿಂತ, ಚಿತ್ರಗಳನ್ನು ಅಣಿಗೊಳಿಸಲು ಒಂದು, ಕೊಲಾಜ್ ಮಾಡಲು ಇನ್ನೊಂದು ಎಂದು ವಿಂಗಡಿಸಿಕೊಳ್ಳುವುದು ಅನುಕೂಲ.

ಡಿಜಿಕ್ಯಾಮ್: ಸಾವಿರಾರು ಚಿತ್ರಗಳನ್ನು ದಿನಾಂಕ, ಸ್ಥಳ, ಮುಖಗಳ ಆಧಾರದಲ್ಲಿ ವಿಂಗಡಿಸಲು ಸೂಕ್ತ. ಕೆಡಿಇ ಸಮುದಾಯದ ಮುಕ್ತ ತಂತ್ರಾಂಶವಾದ ಇದು ವಿಂಡೋಸ್, ಮ್ಯಾಕ್, ಲಿನಕ್ಸ್ ಮೂರರಲ್ಲಿಯೂ ನಡೆಯುತ್ತದೆ. ಮುಖ ಗುರುತಿಸುವ ಕೆಲಸ ಬಳಕೆದಾರನ ಗಣಕಯಂತ್ರದಲ್ಲಿಯೇ ನಡೆಯುವುದರಿಂದ ಚಿತ್ರಗಳು ಹೊರಗೆ ಹೋಗುವುದಿಲ್ಲ.

ಫೋಟೋಸ್ಕೇಪ್ ಎಕ್ಸ್: ದಕ್ಷಿಣ ಕೊರಿಯಾದ ತಂತ್ರಾಂಶ. ಸಿದ್ಧ ವಿನ್ಯಾಸದ ಚೌಕಗಳಿಗೆ ಚಿತ್ರಗಳನ್ನು ಎಳೆದು ಹಾಕಿದರೆ ಕೊಲಾಜ್ ಸಿದ್ಧ. ಪಿಕಾಸಾದ ಸರಳತೆಗೆ ಒಗ್ಗಿಹೋದವರಿಗೆ ಇದು ಸುಲಭವಾಗಿ ಕೈಹಿಡಿಯುತ್ತದೆ. ಮೈಕ್ರೋಸಾಫ್ಟ್ ಸ್ಟೋರ್ ಹಾಗೂ ಮ್ಯಾಕ್ ಆಪ್ ಸ್ಟೋರ್‌ಗಳಲ್ಲಿ ಲಭ್ಯ. ಕೆಲವು ಹೆಚ್ಚುವರಿ ಸೌಲಭ್ಯಗಳಿಗೆ ಮಾತ್ರ ಹಣ ತೆರಬೇಕಾಗುತ್ತದೆ.

ಇರ್ಫಾನ್‌ವ್ಯೂ ಮತ್ತು ಫಾಸ್ಟ್‌ಸ್ಟೋನ್: ಎರಡೂ ಹಗುರವಾದ ಚಿತ್ರವೀಕ್ಷಕಗಳು. ಹಳೆಯ ಗಣಕಯಂತ್ರಗಳಿಗೂ ಹೊರೆಯಾಗುವುದಿಲ್ಲ. ಚಿತ್ರಗಳನ್ನು ಸಾಲಾಗಿ ಜೋಡಿಸುವ, ಒಂದೇ ಪುಟದಲ್ಲಿ ಚಿಕ್ಕ ಚೌಕಗಳಾಗಿ ತೋರಿಸುವ ಸೌಲಭ್ಯ ಎರಡರಲ್ಲಿಯೂ ಇದೆ. ಮನೆಬಳಕೆಗೆ ಉಚಿತ. ಸ್ಟುಡಿಯೋ ಅಥವಾ ಕಚೇರಿಯಲ್ಲಿ ವ್ಯಾಪಾರದ ಉದ್ದೇಶಕ್ಕೆ ಬಳಸುವವರು ಪರವಾನಗಿ ಪಡೆಯಬೇಕು.

ಜಿಂಪ್: 1996ರಿಂದ ಬೆಳೆದುಬಂದಿರುವ ಮುಕ್ತ ತಂತ್ರಾಂಶ. 2025ರ ಮಾರ್ಚ್‌ನಲ್ಲಿ ಇದರ 3.0 ಆವೃತ್ತಿ ಹೊರಬಂದಿದೆ. ಖಾಲಿ ಹಾಳೆ ತೆರೆದು, ಓಪನ್ ಆಸ್ ಲೇಯರ್ಸ್ ಆಯ್ಕೆಯ ಮೂಲಕ ಚಿತ್ರಗಳನ್ನು ಪದರಗಳಾಗಿ ತಂದು, ಗಾತ್ರ ಬದಲಿಸಿ ಬೇಕಾದಲ್ಲಿ ಇರಿಸಬಹುದು. ಕಲಿಯಲು ಒಂದೆರಡು ದಿನ ಬೇಕಾದರೂ ವಿನ್ಯಾಸದ ಸ್ವಾತಂತ್ರ್ಯ ಹೆಚ್ಚು. ಸ್ಟುಡಿಯೋ ಬಳಕೆಗೂ ಶುಲ್ಕವಿಲ್ಲ. ಮೈಕ್ರೋಸಾಫ್ಟ್ ಸ್ಟೋರ್‌ನಲ್ಲಿಯೂ ಸಿಗುತ್ತದೆ.

ಲಿಬ್ರೆಆಫೀಸ್ ಡ್ರಾ: ಹಲವರ ಗಣಕಯಂತ್ರದಲ್ಲಿ ಈಗಾಗಲೇ ಇರುವ ಲಿಬ್ರೆಆಫೀಸ್‌ನ ಒಂದು ಅಂಗ. ಎ4 ಪುಟದಲ್ಲಿ ಚಿತ್ರಗಳನ್ನು ಸೇರಿಸಿ, ಕತ್ತರಿಸಿ, ಜೋಡಿಸಿ ಪಿಡಿಎಫ್ ಮಾಡಿ ಮುದ್ರಣಕ್ಕೆ ಕೊಡಬಹುದು. ಹೊಸದೇನನ್ನೂ ಇಳಿಸಿಕೊಳ್ಳದೆ ಕೆಲಸ ಮುಗಿಯಬೇಕೆನ್ನುವವರಿಗೆ ಇದೇ ಸಾಕು.

ಅಂತರಜಾಲದ ಸೇವೆಗಳು: ಕ್ಯಾನ್ವಾ, ಅಡೋಬಿ ಎಕ್ಸ್‌ಪ್ರೆಸ್, ಗೂಗಲ್ ಫೋಟೋಸ್‌ಗಳಲ್ಲಿಯೂ ಕೊಲಾಜ್ ಮಾಡಬಹುದು. ಇಲ್ಲಿ ಚಿತ್ರಗಳು ಆಯಾ ಸಂಸ್ಥೆಯ ಸರ್ವರ್ ಸೇರುತ್ತವೆ ಎಂಬುದು ನೆನಪಿರಬೇಕು. ಗೂಗಲ್ ಫೋಟೋಸ್‌ನ ಮಿತಿಯಿಲ್ಲದ ಉಚಿತ ಸಂಗ್ರಹ 2021ರ ಜೂನ್ 1ಕ್ಕೆ ಕೊನೆಗೊಂಡಿದ್ದು, ಅಂದಿನಿಂದ ಸೇರಿಸುವ ಚಿತ್ರಗಳು ಖಾತೆಯ ಸಂಗ್ರಹ ಮಿತಿಯಲ್ಲಿ ಲೆಕ್ಕಕ್ಕೆ ಬರುತ್ತವೆ. ಹೆಸರು ಕೇಳಿರದ ತಾಣಗಳಿಗೆ ಮಕ್ಕಳ ಚಿತ್ರಗಳನ್ನು ಏರಿಸದಿರುವುದು ಕ್ಷೇಮ. ಉಚಿತವಾಗಿ ಕಡತಗಳ ಮಾದರಿ ಬದಲಿಸಿಕೊಡುವ ಕೆಲ ತಾಣಗಳು ಕುತಂತ್ರಾಂಶ ಹರಡುತ್ತಿವೆ ಎಂದು ಅಮೆರಿಕದ ತನಿಖಾ ಸಂಸ್ಥೆ ಎಫ್‌ಬಿಐನ ಡೆನ್ವರ್ ಕಚೇರಿ 2025ರ ಮಾರ್ಚ್‌ನಲ್ಲಿ ಎಚ್ಚರಿಸಿತ್ತು.

ಇಳಿಸಿಕೊಳ್ಳುವ ಮುನ್ನ ಪರೀಕ್ಷೆ

ತಂತ್ರಾಂಶವನ್ನು ಅದರ ತಯಾರಕರ ತಾಣದಿಂದ ಅಥವಾ ಮೈಕ್ರೋಸಾಫ್ಟ್, ಆಪಲ್‌ಗಳ ಅಧಿಕೃತ ಸ್ಟೋರ್‌ಗಳಿಂದ ಮಾತ್ರ ಪಡೆಯಬೇಕು. ಹುಡುಕಾಟದ ಫಲಿತಾಂಶದಲ್ಲಿ ಪ್ರಾಯೋಜಿತ ಎಂಬ ಗುರುತಿರುವ ಸಾಲುಗಳನ್ನು ಬಿಟ್ಟುಬಿಡಬೇಕು. ತಾಣದ ವಿಳಾಸವನ್ನು ಅಕ್ಷರ ಅಕ್ಷರವಾಗಿ ಓದಿ ನೋಡಬೇಕು. ನಕಲಿ ತಾಣಗಳ ವಿಳಾಸದಲ್ಲಿ ಸಾಮಾನ್ಯವಾಗಿ ಒಂದೆರಡು ಅಕ್ಷರ ಮಾತ್ರ ಬೇರೆ ಇರುತ್ತವೆ.

ಇಳಿಸಿಕೊಂಡ ಕಡತದ ಮೇಲೆ ಮೌಸ್‌ನ ಬಲಗುಂಡಿ ಒತ್ತಿ ಪ್ರಾಪರ್ಟೀಸ್ ತೆರೆದರೆ, ಸಹಿ ಮಾಡಿದ ಕಡತವಾಗಿದ್ದಲ್ಲಿ ಡಿಜಿಟಲ್ ಸಿಗ್ನೇಚರ್ಸ್ ವಿಭಾಗ ಕಾಣುತ್ತದೆ. ಅಲ್ಲಿರುವ ಹೆಸರು ತಯಾರಕರದೇ ಎಂದು ಖಚಿತಪಡಿಸಿಕೊಳ್ಳಬೇಕು. ಜಿಂಪ್‌ನಂತಹ ತಂತ್ರಾಂಶಗಳ ತಾಣದಲ್ಲಿ ಎಸ್‌ಎಚ್‌ಎ-256 ಎಂಬ 64 ಅಕ್ಷರಗಳ ಬೆರಳಚ್ಚನ್ನೂ ಪ್ರಕಟಿಸಲಾಗುತ್ತದೆ. ವಿಂಡೋಸ್‌ನ ಪವರ್‌ಶೆಲ್‌ನಲ್ಲಿ ಗೆಟ್-ಫೈಲ್‌ಹ್ಯಾಶ್ ಆದೇಶ ನೀಡಿದರೆ ಇಳಿಸಿಕೊಂಡ ಕಡತದ ಬೆರಳಚ್ಚು ಸಿಗುತ್ತದೆ. ಎರಡೂ ಹೊಂದಿದರೆ ಕಡತದಲ್ಲಿ ಯಾರೂ ಕೈಯಾಡಿಸಿಲ್ಲ ಎಂದರ್ಥ.

ವೈರಸ್‌ಟೋಟಲ್ ತಾಣಕ್ಕೆ ಕಡತ ಏರಿಸಿದರೆ ಹತ್ತಾರು ವೈರಸ್ ನಿರೋಧಕಗಳು ಅದನ್ನು ಏಕಕಾಲಕ್ಕೆ ಪರೀಕ್ಷಿಸುತ್ತವೆ. ಅಲ್ಲಿ ಏರಿಸಿದ ಕಡತಗಳು ಸುರಕ್ಷತಾ ಸಂಶೋಧಕರಿಗೂ ಲಭ್ಯವಾಗುವುದರಿಂದ ಅನುಸ್ಥಾಪನಾ ಕಡತವನ್ನಷ್ಟೇ ಏರಿಸಬೇಕು, ಸ್ವಂತ ಚಿತ್ರ, ದಾಖಲೆಗಳನ್ನು ಏರಿಸಬಾರದು. ಅನುಸ್ಥಾಪಿಸುವಾಗ ವೈರಸ್ ನಿರೋಧಕವನ್ನು ಸ್ವಲ್ಪ ಹೊತ್ತು ನಿಲ್ಲಿಸಿ ಎಂದು ಕೇಳುವ ಯಾವುದೇ ತಂತ್ರಾಂಶವನ್ನು ಅಲ್ಲಿಗೇ ಕೈಬಿಡಬೇಕು. ವಿಂಡೋಸ್ 10ಕ್ಕೆ ಮೈಕ್ರೋಸಾಫ್ಟ್‌ನ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ಕ್ಕೆ ಮುಗಿದಿರುವುದರಿಂದ ಆ ಗಣಕಯಂತ್ರಗಳನ್ನು ಬಳಸುವವರು ಇನ್ನಷ್ಟು ಎಚ್ಚರ ವಹಿಸಬೇಕು.

ಮೊಬೈಲ್ ಆಪ್‌ಗಳ ವಿಷಯ

ಕೊಲಾಜ್ ಕೆಲಸ ಈಗ ಬಹುಪಾಲು ಮೊಬೈಲ್‌ಗೆ ವರ್ಗವಾಗಿದೆ. ಅಧಿಕೃತ ಸ್ಟೋರ್‌ನಲ್ಲಿದೆ ಎಂಬ ಒಂದೇ ಕಾರಣಕ್ಕೆ ಆಪ್ ಸುರಕ್ಷಿತವೆನ್ನಲಾಗದು. ಗೂಗಲ್ ಪ್ಲೇನಲ್ಲಿದ್ದ 29 ಕ್ಯಾಮೆರಾ ಹಾಗೂ ಸೌಂದರ್ಯವರ್ಧಕ ಆಪ್‌ಗಳು ಅಶ್ಲೀಲ ಜಾಹೀರಾತು ತೋರಿಸುತ್ತಿದ್ದುದನ್ನು, ಕೆಲವು ಬಳಕೆದಾರರ ಚಿತ್ರಗಳನ್ನೇ ಕದಿಯುತ್ತಿದ್ದುದನ್ನು ಟ್ರೆಂಡ್ ಮೈಕ್ರೋ ಸಂಸ್ಥೆ 2019ರ ಜನವರಿ ಕೊನೆಯಲ್ಲಿ ಬಹಿರಂಗಪಡಿಸಿತು. ಅವುಗಳನ್ನು ಗೂಗಲ್ ತೆಗೆದುಹಾಕಿತು. ಕೇಂದ್ರ ಸರ್ಕಾರ 2020ರ ಜೂನ್ 29ರಂದು ನಿಷೇಧಿಸಿದ 59 ಚೀನೀ ಆಪ್‌ಗಳ ಪಟ್ಟಿಯಲ್ಲಿಯೂ ಬ್ಯೂಟಿಪ್ಲಸ್, ಸ್ವೀಟ್ ಸೆಲ್ಫಿಯಂತಹ ಚಿತ್ರ ಸಂಪಾದನಾ ಆಪ್‌ಗಳಿದ್ದವು.

ಚಿತ್ರ ಜೋಡಿಸುವ ಆಪ್‌ಗೆ ಸಂಪರ್ಕ ಪಟ್ಟಿ, ಎಸ್‌ಎಂಎಸ್, ಕರೆಗಳ ವಿವರ ಬೇಕಾಗುವುದಿಲ್ಲ. ಅಂತಹ ಅನುಮತಿ ಕೇಳಿದರೆ ನಿರಾಕರಿಸಬೇಕು. ಐಫೋನ್‌ಗಳಲ್ಲಿ 2020ರ ಐಓಎಸ್ 14ರಿಂದ, ಆಂಡ್ರಾಯ್ಡ್‌ನಲ್ಲಿ 14ನೇ ಆವೃತ್ತಿಯಿಂದ, ಇಡೀ ಗ್ಯಾಲರಿಯ ಬದಲು ಆಯ್ದ ಚಿತ್ರಗಳನ್ನಷ್ಟೇ ಆಪ್‌ಗೆ ತೋರಿಸುವ ಸೌಲಭ್ಯವಿದೆ. ಆಧಾರ್, ಬ್ಯಾಂಕ್ ಪಾಸ್‌ಬುಕ್‌ಗಳ ಚಿತ್ರಗಳು ಕೂಡ ಅದೇ ಗ್ಯಾಲರಿಯಲ್ಲಿರುವುದು ಸಾಮಾನ್ಯವಾದ್ದರಿಂದ ಈ ಸೌಲಭ್ಯವನ್ನು ತಪ್ಪದೆ ಬಳಸಿಕೊಳ್ಳಬೇಕು.

ಮುದ್ರಣ ಮತ್ತು ಕನ್ನಡ ಅಕ್ಷರ

ಪರದೆಯ ಮೇಲೆ ಚೆಂದ ಕಂಡ ಕೊಲಾಜ್ ಮುದ್ರಿಸಿದಾಗ ಮಸುಕಾಗುವುದಕ್ಕೆ ಗಾತ್ರದ ಲೆಕ್ಕ ತಪ್ಪುವುದೇ ಮುಖ್ಯ ಕಾರಣ. ಉತ್ತಮ ಮುದ್ರಣಕ್ಕೆ ಇಂಚಿಗೆ 300 ಪಿಕ್ಸೆಲ್ ಬೇಕು. ಅದರಂತೆ ಎ4 ಹಾಳೆಗೆ 2480×3508, 12×18 ಇಂಚಿನ ಹಾಳೆಗೆ 3600×5400 ಪಿಕ್ಸೆಲ್ ಗಾತ್ರದ ಖಾಲಿ ಪುಟ ತೆರೆದು ಕೆಲಸ ಆರಂಭಿಸಬೇಕು. 12×18 ಹಾಳೆಯಲ್ಲಿ ಅಡ್ಡಕ್ಕೆ 3, ಉದ್ದಕ್ಕೆ 4ರಂತೆ 12 ಚಿತ್ರ ಜೋಡಿಸಿದರೆ ಒಂದೊಂದಕ್ಕೂ 1200×1350 ಪಿಕ್ಸೆಲ್ ಸಾಕು. ಹಳೆಯ 2 ಮೆಗಾಪಿಕ್ಸೆಲ್ ಕ್ಯಾಮೆರಾದ ಚಿತ್ರವೂ ಇಲ್ಲಿ ಸಲ್ಲುತ್ತದೆ. ಅದನ್ನೇ ನಡುವಿನ ದೊಡ್ಡ ಚಿತ್ರವಾಗಿ ಬಳಸಿದರೆ ಮಾತ್ರ ಮಸುಕು ಎದ್ದು ಕಾಣುತ್ತದೆ. ವಾಟ್ಸ್‌ಆಪ್‌ನಲ್ಲಿ ಬರುವ ಚಿತ್ರಗಳು ಕುಗ್ಗಿರುತ್ತವೆ. ಬಂಧುಗಳಿಂದ ಮೂಲ ಚಿತ್ರವನ್ನು ಡಾಕ್ಯುಮೆಂಟ್ ರೂಪದಲ್ಲಿ ತರಿಸಿಕೊಳ್ಳುವುದು ಉತ್ತಮ.

ಹೆಸರು, ದಿನಾಂಕಗಳನ್ನು ಕನ್ನಡದಲ್ಲಿ ಬರೆಯುವವರು ಯೂನಿಕೋಡ್ ಅಕ್ಷರ ಬಳಸಬೇಕು. ನುಡಿ, ಬರಹಗಳ ಹಳೆಯ ಎನ್‌ಕೋಡಿಂಗ್‌ನಲ್ಲಿ ಬೆರಳಚ್ಚಿಸಿದ ಪಠ್ಯ, ಅದೇ ಫಾಂಟ್ ಇಲ್ಲದ ಕಡೆ ಅರ್ಥವಿಲ್ಲದ ಇಂಗ್ಲಿಷ್ ಅಕ್ಷರಗಳಾಗಿ ಕಾಣುತ್ತದೆ. ವಿಂಡೋಸ್‌ನ ತುಂಗಾ ಅಥವಾ ಉಚಿತವಾಗಿ ದೊರೆಯುವ ನೋಟೋ ಸಾನ್ಸ್ ಕನ್ನಡ ಫಾಂಟ್ ಬಳಸಿದರೆ ಜಿಂಪ್, ಲಿಬ್ರೆಆಫೀಸ್ ಎರಡರಲ್ಲಿಯೂ ಒತ್ತಕ್ಷರಗಳು ಸರಿಯಾಗಿ ಮೂಡುತ್ತವೆ. ಒತ್ತು ಒಡೆದು ಕಾಣುವ ತಂತ್ರಾಂಶವಾಗಿದ್ದರೆ ಹೆಸರನ್ನು ಲಿಬ್ರೆಆಫೀಸ್‌ನಲ್ಲಿ ಬರೆದು ಚಿತ್ರವಾಗಿಸಿ ಕೊಲಾಜ್‌ಗೆ ಸೇರಿಸಬಹುದು.

ಮೋಸ ಹೋದರೆ

ಅನುಮಾನಾಸ್ಪದ ತಂತ್ರಾಂಶ ಅನುಸ್ಥಾಪನೆಯಾಗಿಬಿಟ್ಟಿದ್ದರೆ ಮೊದಲು ಅಂತರಜಾಲ ಸಂಪರ್ಕ ಕಡಿತಗೊಳಿಸಬೇಕು. ಬ್ಯಾಂಕ್, ಇಮೇಲ್ ಗುಪ್ತಪದಗಳನ್ನು ಬೇರೊಂದು ಸಾಧನದಿಂದ ಬದಲಿಸಬೇಕು. ಕುತಂತ್ರಾಂಶ ತೆಗೆಯುವ ಉಚಿತ ಸಾಧನಗಳು ಕೇಂದ್ರ ಸರ್ಕಾರ 2017ರಲ್ಲಿ ಆರಂಭಿಸಿದ ಸೈಬರ್ ಸ್ವಚ್ಛತಾ ಕೇಂದ್ರದಲ್ಲಿ ದೊರೆಯುತ್ತವೆ. ಹಣ ಹೋಗಿದ್ದರೆ ತಡಮಾಡದೆ 1930 ಸಹಾಯವಾಣಿಗೆ ಕರೆ ಮಾಡಿ, ರಾಷ್ಟ್ರೀಯ ಸೈಬರ್ ಅಪರಾಧ ವರದಿ ಪೋರ್ಟಲ್‌ನಲ್ಲಿ ದೂರು ದಾಖಲಿಸಬೇಕು. ಚಿತ್ರಗಳು ಗೂಢಲಿಪಿಗೆ ಬದಲಾಗಿದ್ದರೆ ಹಣ ಕೊಡಲು ಮುಂದಾಗದೆ, ಯುರೋಪೋಲ್ ಮುಂತಾದ ಸಂಸ್ಥೆಗಳು 2016ರಲ್ಲಿ ಆರಂಭಿಸಿದ ನೋ ಮೋರ್ ರಾನ್ಸಮ್ ತಾಣದಲ್ಲಿ ಬಿಡಿಸುವ ಸಾಧನವಿದೆಯೇ ಎಂದು ನೋಡಬೇಕು. ಸದ್ಯಕ್ಕೆ ಸಾಧನ ಸಿಗದಿದ್ದರೂ ಆ ಕಡತಗಳನ್ನು ಅಳಿಸದೆ ಪ್ರತ್ಯೇಕವಾಗಿ ಇಟ್ಟುಕೊಳ್ಳುವುದು ಒಳಿತು. ಮುಂದೆ ಕೀಲಿ ದೊರೆತರೆ ಆ ಚಿತ್ರಗಳನ್ನು ಮರಳಿ ತೆರೆಯುವ ಅವಕಾಶ ಉಳಿದಿರುತ್ತದೆ.